ಹಿಮದ ನಾಯಿ, ಎರೆಹೊಲದ ನಾಯಿ

ಮುಧೋಳದ ಒಂದು ಗಂಡು ನಾಯಿಯನ್ನೂ ಸೈಬೀರಿಯದ ಒಂದು ಹಸ್ಕಿ ಗಂಡು ನಾಯಿಯನ್ನೂ ತಕ್ಕಡಿಯ ಎರಡು ತಟ್ಟೆಗಳಲ್ಲಿ ಕೂರಿಸಿದರೆ ಮುಳ್ಳು ಹೆಚ್ಚುಕಡಿಮೆ ನೆಟ್ಟಗೇ ನಿಲ್ಲುತ್ತದೆ. ಎರಡರ ತೂಕವೂ 20ರಿಂದ 28 ಕಿಲೋ. ಆದರೆ ನೆಲದಿಂದ ಹೆಗಲಿನವರೆಗೆ ಅಳೆದು ನೋಡಿದರೆ ಮುಧೋಳದ್ದು 70 ಸೆಂಟಿಮೀಟರಿನ ಆಸುಪಾಸು ಬರುತ್ತದೆ, ಹಸ್ಕಿ 60ನ್ನು ದಾಟುವುದಿಲ್ಲ. ಒಂದೇ ತೂಕದ ಮಾಂಸ ಮೂಳೆಗಳನ್ನು ಒಂದು ಕಡೆ ಎಳೆದು ಉದ್ದ ಮಾಡಿದಂತೆ, ಇನ್ನೊಂದು ಕಡೆ ಒತ್ತಿ ಉಂಡೆ ಕಟ್ಟಿದಂತೆ ಕಾಣುತ್ತದೆ. ಒಂದಕ್ಕೆ ಮೈಗಂಟಿದ ನುಣುಪು ಕೂದಲು, ಎಣಿಸಬಹುದಾದ ಪಕ್ಕೆಲುಬು, ಚಾಟಿಯಂಥ ಬಾಲ. ಇನ್ನೊಂದಕ್ಕೆ ಎರಡು ಪದರದ ದಟ್ಟ ತುಪ್ಪಳು, ಪೊರಕೆಯಂತೆ ಪೊದೆಗಟ್ಟಿದ ಬಾಲ. ಈ ವ್ಯತ್ಯಾಸವನ್ನು ಯಾವ ರಾಜನೂ ಯಾವ ಶ್ವಾನ ಸಂಘವೂ ಮಾಡಿದ್ದಲ್ಲ. ಒಂದನ್ನು ಹಿಮ ಮತ್ತು ಜಾರುಬಂಡಿ ರೂಪಿಸಿದರೆ, ಇನ್ನೊಂದನ್ನು ಬಯಲು ಮತ್ತು ಬೇಟೆ ರೂಪಿಸಿದವು.

ಈಗ ಎರಡೂ ನಾಯಿಗಳು ಬೆಳಗಾವಿ, ಬಾಗಲಕೋಟೆ ಸೀಮೆಯ ಮನೆಗಳಲ್ಲಿ ನೋಡಸಿಗುತ್ತವೆ. ಹಸ್ಕಿಯನ್ನು ಪೇಟೆಯವರು ಅದರ ನೀಲಿ ಕಣ್ಣು ನೋಡಿ ಕೊಳ್ಳುತ್ತಾರೆ. ಮುಧೋಳ ನಾಯಿಯನ್ನು ಅದರ ಹೆಸರು ಕೇಳಿ ಕೊಳ್ಳುತ್ತಾರೆ. ತರುವ ನಾಯಿ ತಲೆತಲಾಂತರದಿಂದ ಯಾವ ಕೆಲಸಕ್ಕೆ ಹುಟ್ಟಿದ್ದು, ಆ ಕೆಲಸವಿಲ್ಲದೆ ಅದು ಹೇಗೆ ಬದುಕೀತು ಎಂಬ ಪ್ರಶ್ನೆಯನ್ನು ಮಾತ್ರ ಕೇಳುವವರು ಕಡಿಮೆ.

ಹಸ್ಕಿಯ ಮೂಲ ಏಷ್ಯಾ ಖಂಡದ ಈಶಾನ್ಯ ತುದಿ. ಬೇರಿಂಗ್ ಜಲಸಂಧಿಗೆ ಮುಖ ಮಾಡಿರುವ ಚುಕೋಟ್ಕ ಪ್ರದೇಶದ ಚುಕ್ಚಿ ಜನ ಇದನ್ನು ಸಾಕಿ ಬೆಳೆಸಿದವರು. ಕರಾವಳಿಯ ಚುಕ್ಚಿಗಳು ಸೀಲ್, ವಾಲ್ರಸ್ ಬೇಟೆಯಿಂದ ಬದುಕುತ್ತಿದ್ದವರು. ಹೆಪ್ಪುಗಟ್ಟಿದ ಕಡಲಿನ ಮೇಲೆ ದೂರ ಹೋಗಬೇಕು, ಕೊಂದ ಪ್ರಾಣಿಯನ್ನು ಹೊತ್ತು ತರಬೇಕು. ಗಾಲಿ ಅಲ್ಲಿ ಕೆಲಸಕ್ಕೆ ಬಾರದು. ಗಾಲಿಯಿಲ್ಲದ ಜಾರುಬಂಡಿಗೆ ಸಾಲಾಗಿ ನಾಯಿಗಳನ್ನು ಕಟ್ಟುವುದೇ ದಾರಿ. ಭಾರಿ ಹೊರೆಯನ್ನು ನಾಲ್ಕು ಹೆಜ್ಜೆ ಎಳೆಯುವ ಗೂಳಿಯಂಥ ನಾಯಿ ಅವರಿಗೆ ಬೇಕಿರಲಿಲ್ಲ. ಹಗುರ ಹೊರೆಯನ್ನು ಸ್ವಲ್ಪವೇ ಆಹಾರದ ಬಲದ ಮೇಲೆ ದಿನಗಟ್ಟಲೆ ಎಳೆಯಬಲ್ಲ ನಾಯಿ ಬೇಕಿತ್ತು. ಹೀಗೆ ನಾಯಿ ಕಟ್ಟಿ ಓಡುವ ಕಲೆ ಎಷ್ಟು ಹಳೆಯದೆಂಬುದಕ್ಕೆ 2020ರಲ್ಲಿ ಹೊಸ ಆಧಾರ ಸಿಕ್ಕಿತು. ಸೈಬೀರಿಯದ ಉತ್ತರದ ಝೋಖೊವ್ ದ್ವೀಪದಲ್ಲಿ ದೊರೆತ, ಸುಮಾರು 9,500 ವರ್ಷ ಹಳೆಯ ನಾಯಿಯೊಂದರ ಎಲುಬಿನಿಂದ ವಿಜ್ಞಾನಿಗಳು ಅದರ ವಂಶವಾಹಿಗಳನ್ನು ಓದಿದರು. ಅದು ಇಂದಿನ ಜಾರುಬಂಡಿ ನಾಯಿಗಳ ಹತ್ತಿರದ ನೆಂಟನೆಂದು ತಿಳಿದುಬಂತು. ಅಂದರೆ ನಮ್ಮ ಕಡೆ ಜೋಳ ಬಿತ್ತುವುದಕ್ಕೂ ಬಹಳ ಮೊದಲೇ ಅಲ್ಲಿ ನಾಯಿಗೆ ನೊಗ ಬಿದ್ದಿತ್ತು.

ಹೊರ ಜಗತ್ತು ಹಸ್ಕಿಯನ್ನು ಕಂಡದ್ದು ತೀರ ಈಚೆಗೆ. ಅಲಾಸ್ಕದಲ್ಲಿ ಚಿನ್ನ ಸಿಕ್ಕು ನೋಮ್ ಎಂಬ ಊರು ತಲೆಯೆತ್ತಿದಾಗ ಅಲ್ಲಿ ನಾಯಿ ಬಂಡಿಗಳ ಪಂದ್ಯ ಶುರುವಾಯಿತು. 1908ರಲ್ಲಿ ವಿಲಿಯಂ ಗೂಸಾಕ್ ಎಂಬ ರಷ್ಯನ್ ವ್ಯಾಪಾರಿ ಜಲಸಂಧಿ ದಾಟಿಸಿ ಸೈಬೀರಿಯದ ನಾಯಿಗಳನ್ನು ತಂದ. ದೊಡ್ಡ ದೊಡ್ಡ ನಾಯಿಗಳನ್ನು ನೋಡಿ ಅಭ್ಯಾಸವಾಗಿದ್ದ ಅಲ್ಲಿನವರು ಇವನ್ನು ಕಂಡು ನಕ್ಕರು, ಇಲಿಗಳೆಂದು ಹೀಯಾಳಿಸಿದರು. 1909ರ ಪಂದ್ಯದಲ್ಲಿ ಅವು ಓಡಿದವು. ಮರುವರ್ಷ ಅದೇ 408 ಮೈಲಿಯ ಪಂದ್ಯವನ್ನು ಜಾನ್ ಜಾನ್ಸನ್ ಎಂಬ ಸವಾರ ಸೈಬೀರಿಯದ ನಾಯಿಗಳಿಂದಲೇ 75 ಗಂಟೆಯೊಳಗೆ ಮುಗಿಸಿ ಗೆದ್ದ. ಅಲ್ಲಿಗೆ ನಗು ನಿಂತಿತು. ನಾರ್ವೆಯಿಂದ ಬಂದಿದ್ದ ಲಿಯೊನ್‌ಹಾರ್ಡ್ ಸೆಪ್ಪಾಲಾ 1915, 1916, 1917ರಲ್ಲಿ ಸತತ ಮೂರು ಸಲ ಗೆದ್ದು ಈ ತಳಿಯ ಹೆಸರನ್ನು ನೆಲೆಗೊಳಿಸಿದ.

ಆದರೆ ಹಸ್ಕಿಯನ್ನು ಮನೆಮಾತಾಗಿಸಿದ್ದು ಪಂದ್ಯವಲ್ಲ, ರೋಗ. 1925ರ ಜನವರಿಯಲ್ಲಿ ನೋಮ್ ಊರಿನ ಮಕ್ಕಳಿಗೆ ಗಂಟಲಮಾರಿ ತಗಲಿತು. ಊರಿನ ಏಕೈಕ ವೈದ್ಯನ ಬಳಿ ಇದ್ದ ಔಷಧ ಹಳೆಯದಾಗಿ ಕೆಟ್ಟಿತ್ತು. ಬಂದರು ಹೆಪ್ಪುಗಟ್ಟಿತ್ತು, ಆ ಚಳಿಯಲ್ಲಿ ವಿಮಾನ ಹಾರಿಸುವ ಯೋಚನೆಯನ್ನು ಕೈಬಿಡಲಾಯಿತು. ರೈಲು ಮುಟ್ಟುತ್ತಿದ್ದ ನೆನಾನಾದಿಂದ ನೋಮ್‌ಗೆ 674 ಮೈಲಿ. ಇಪ್ಪತ್ತು ಸವಾರರು, ನೂರೈವತ್ತರಷ್ಟು ನಾಯಿಗಳು ಕೈಯಿಂದ ಕೈಗೆ ದಾಟಿಸುತ್ತ ಐದೂವರೆ ದಿನದೊಳಗೆ ಸೀರಮ್ ತಲುಪಿಸಿದರು. ಕೊನೆಯ ಹಂತವನ್ನು ಓಡಿದ ಗುನ್ನಾರ್ ಕಾಸೆನ್‌ನ ಮುಂದಾಳು ನಾಯಿ ಬಾಲ್ಟೊಗೆ ಅದೇ ವರ್ಷ ಡಿಸೆಂಬರಿನಲ್ಲಿ ನ್ಯೂಯಾರ್ಕಿನ ಸೆಂಟ್ರಲ್ ಪಾರ್ಕಿನಲ್ಲಿ ಪ್ರತಿಮೆ ನಿಂತಿತು. ಆದರೆ ಎಲ್ಲಕ್ಕಿಂತ ಉದ್ದವಾದ, ಎಲ್ಲಕ್ಕಿಂತ ಅಪಾಯದ ಹಾದಿಯನ್ನು ಓಡಿದ್ದು ಸೆಪ್ಪಾಲಾನ ಟೋಗೊ. ಎದುರು ಹೋಗಿ ಔಷಧ ಪಡೆದು ಹಿಂದಿರುಗುವಲ್ಲಿ ಆ ನಾಯಿ ಕ್ರಮಿಸಿದ್ದು ಒಟ್ಟು 260 ಮೈಲಿಯಷ್ಟು. ಕೊನೆಗೆ ಊರು ಹೊಕ್ಕವನಿಗೆ ಆರತಿ, ನಡುದಾರಿಯಲ್ಲಿ ದುಡಿದವನಿಗೆ ಮರೆವು. ಇದು ನಾಯಿಗಳ ಚರಿತ್ರೆಯಲ್ಲೂ ತಪ್ಪಿದ್ದಲ್ಲ. ಮುಧೋಳದ ಕಥೆಯಲ್ಲಿ ಇದೇ ಮಾತನ್ನು ಇನ್ನೊಮ್ಮೆ ಆಡಬೇಕಾಗುತ್ತದೆ.

ನಾಯಿಗೆ ಕಲ್ಲು ನಿಲ್ಲಿಸುವ ಗೌರವ ನ್ಯೂಯಾರ್ಕಿನವರು ಮೊದಲು ಕಂಡುಹಿಡಿದದ್ದೇನಲ್ಲ. ಮದ್ದೂರು ತಾಲ್ಲೂಕಿನ ಆತಕೂರಿನಲ್ಲಿ ಅದಕ್ಕಿಂತ ಸುಮಾರು ಸಾವಿರ ವರ್ಷ ಮೊದಲೇ ಅಂಥದೊಂದು ಕಲ್ಲು ನಿಂತಿತ್ತು. ಕ್ರಿ.ಶ. 949ರ ತಕ್ಕೋಲದ ಯುದ್ಧದಲ್ಲಿ ರಾಷ್ಟ್ರಕೂಟ ಮೂರನೆಯ ಕೃಷ್ಣನ ಪಕ್ಷ ಚೋಳ ರಾಜಾದಿತ್ಯನನ್ನು ಕೊಂದಿತು. ಆ ಯುದ್ಧದಲ್ಲಿ ಮೆರೆದ ಮಣಲೆರನೆಂಬ ವೀರನಿಗೆ ಗಂಗರ ಬೂತುಗ ‘ಮೆಚ್ಚಿದ್ದನ್ನು ಬೇಡು’ ಎಂದನಂತೆ. ಮಣಲೆರ ಊರನ್ನು ಕೇಳಲಿಲ್ಲ, ಹೊನ್ನನ್ನು ಕೇಳಲಿಲ್ಲ. ಅರಸನ ಬಳಿಯಿದ್ದ ‘ಕಾಳಿ’ ಎಂಬ ಬೇಟೆ ನಾಯಿಯನ್ನು ಕೇಳಿದ. ಮುಂದೆ ಆ ಕಾಳಿಯನ್ನು ದೊಡ್ಡ ಹಂದಿಯೊಂದರ ಮೇಲೆ ಬಿಟ್ಟಾಗ ಎರಡೂ ಹೋರಾಡಿ ಒಟ್ಟಿಗೆ ಸತ್ತವು. ನಾಯಿಯ ನೆನಪಿಗೆ ಆತಕೂರಿನ ಚಲ್ಲೇಶ್ವರನ ಎದುರು ಕಲ್ಲು ನೆಟ್ಟು, ಅದರ ಪೂಜೆಗೆ ಭೂಮಿ ಬಿಡಲಾಯಿತು. ಹಂದಿಯೊಡನೆ ಸೆಣಸುವ ನಾಯಿಯ ಕೆತ್ತನೆಯುಳ್ಳ ಆ ಕಲ್ಲು ಈಗ ಬೆಂಗಳೂರಿನ ಸರ್ಕಾರಿ ವಸ್ತುಸಂಗ್ರಹಾಲಯದಲ್ಲಿದೆ. ಕವಿ ರನ್ನ ಹುಟ್ಟಿದ್ದೂ 949ರಲ್ಲೇ ಎನ್ನುತ್ತಾರೆ. ಅವನು ಹುಟ್ಟಿದ ಮುದುವೊಳಲೇ ಇಂದಿನ ಮುಧೋಳ. ಕಾಳಿ ಮುಧೋಳ ತಳಿಯದೆಂದು ಹೇಳಲು ಇದು ಆಧಾರವಾಗದು. ಆದರೆ ಕನ್ನಡನಾಡಿನಲ್ಲಿ ಒಳ್ಳೆಯ ಬೇಟೆ ನಾಯಿಯ ಬೆಲೆ ಏನಿತ್ತು ಎಂಬುದಕ್ಕೆ ಇದಕ್ಕಿಂತ ಬೇರೆ ಸಾಕ್ಷಿ ಬೇಡ. ಹನ್ನೆರಡನೆಯ ಶತಮಾನದಲ್ಲಿ ಕಲ್ಯಾಣದ ಚಾಲುಕ್ಯ ಮೂರನೆಯ ಸೋಮೇಶ್ವರ ತನ್ನ ‘ಮಾನಸೋಲ್ಲಾಸ’ದಲ್ಲಿ ಅರಸರ ವಿನೋದಗಳ ಸಾಲಿನಲ್ಲಿ ನಾಯಿಗಳ ವಿನೋದಕ್ಕೂ ಜಾಗ ಕೊಟ್ಟಿದ್ದಾನೆ.

ಇಂದು ಮುಧೋಳ ನಾಯಿ ಎನಿಸಿಕೊಂಡಿರುವ ತಳಿ ಹೊರಗಿನಿಂದ ಬಂದದ್ದೆಂಬುದು ಸಾಮಾನ್ಯವಾಗಿ ಒಪ್ಪಿರುವ ಮಾತು. ಅರಬ್ ಮತ್ತು ಪರ್ಷಿಯ ಕಡೆಯ ಸಲೂಕಿ, ಉತ್ತರ ಆಫ್ರಿಕದ ಸ್ಲೂಗಿ ನಾಯಿಗಳನ್ನು ಇದರ ಪಕ್ಕದಲ್ಲಿ ನಿಲ್ಲಿಸಿದರೆ ದಾಯಾದಿತನ ಕಣ್ಣಿಗೇ ಹೊಡೆಯುತ್ತದೆ. ವ್ಯಾಪಾರಿಗಳ, ಸೈನಿಕರ ತಂಡಗಳ ಜೊತೆ ದಖ್ಖನಕ್ಕೆ ಇಳಿದು ಬಂದದ್ದರಿಂದ ಮಹಾರಾಷ್ಟ್ರದ ಕಡೆ ಇದಕ್ಕೆ ‘ಕಾರವಾನಿ’ ಎಂಬ ಹೆಸರು. ಕಿವಿ, ಬಾಲಗಳಲ್ಲಿ ರೇಷ್ಮೆಯಂಥ ಉದ್ದ ಕೂದಲಿರುವ ಬಗೆಗೆ ‘ಪಶ್ಮಿ’ ಎನ್ನುತ್ತಾರೆ. ಹೆಸರಿನ ಈ ಗೊಂದಲ ಕಾಗದಪತ್ರಗಳಲ್ಲೂ ಉಳಿದಿದೆ. ಒಂದು ಶ್ವಾನ ಸಂಘ ‘ಕಾರವಾನ್ ಹೌಂಡ್’ ಎಂದು ನೋಂದಾಯಿಸಿಕೊಂಡರೆ ಇನ್ನೊಂದು ‘ಮುಧೋಳ ಹೌಂಡ್’ ಎನ್ನುತ್ತದೆ. ನಾಯಿ ಒಂದೇ.

ಮುಧೋಳ ಘೋರ್ಪಡೆ ಮನೆತನದ ಸಣ್ಣ ಸಂಸ್ಥಾನ. ಘೋರ್ಪಡೆ ಎಂದರೆ ಮರಾಠಿಯಲ್ಲಿ ಉಡ. ಉಡದ ನೆರವಿನಿಂದ ಕೋಟೆ ಹತ್ತಿದರೆಂಬ ಕಥೆಯಿಂದ ಬಂದ ಹೆಸರು. ಪ್ರಾಣಿಯಿಂದ ಹೆಸರು ಪಡೆದ ಮನೆತನ ಪ್ರಾಣಿಯೊಂದಕ್ಕೆ ಹೆಸರು ಕೊಟ್ಟಿತು. ಇಪ್ಪತ್ತನೆಯ ಶತಮಾನದ ಮೊದಲ ಮೂರು ದಶಕಗಳಲ್ಲಿ ಆಳಿದ ಮಾಲೋಜಿರಾವ್ ಘೋರ್ಪಡೆ ಅವರು ಈ ನಾಯಿಗಳನ್ನು ಆರಿಸಿ, ಜೋಡಿ ಕೂಡಿಸಿ ತಳಿಯನ್ನು ಶುದ್ಧಗೊಳಿಸಿದರು. ಐದನೆಯ ಜಾರ್ಜ್ ದೊರೆಗೆ ಜೋಡಿ ನಾಯಿಗಳನ್ನು ಕಾಣಿಕೆಯಾಗಿ ಕೊಟ್ಟರೆಂದೂ, ಅಲ್ಲಿಂದ ‘ಮುಧೋಳದ ನಾಯಿ’ ಎಂಬ ಹೆಸರು ನಿಂತಿತೆಂದೂ ಹೇಳಿಕೆ. ರಾಜರಿಗೆ ಸಲ್ಲಬೇಕಾದ ಶ್ರೇಯಸ್ಸು ಸಲ್ಲಲಿ. ಆದರೆ ಆರಿಸಿಕೊಳ್ಳಲು ನಾಯಿಗಳು ಸಿಕ್ಕಿದ್ದು ಯಾರ ಮನೆಯಲ್ಲಿ? ಸಂಸ್ಥಾನದ ಬೇಡರು ಈ ನಾಯಿಗಳೊಡನೆ ಬೇಟೆಯಾಡುವುದನ್ನು ಕಂಡೇ ಮಾಲೋಜಿರಾವ್ ಅವರಿಗೆ ಆಸಕ್ತಿ ಹುಟ್ಟಿತು. ಬೇಡರ ಗುಡಿಸಲುಗಳಲ್ಲಿ ಉಳಿದು ಬಂದ ರಕ್ತ ಅರಮನೆಗೆ ಹೋಯಿತು, ಅರಮನೆಯಿಂದ ಇಂಗ್ಲೆಂಡಿಗೆ ಹೋಯಿತು. ಬಾಲ್ಟೊ ಟೋಗೊ ಕಥೆಯೇ ಇಲ್ಲೂ.

ಈ ಬೇಡರು ಸಾಮಾನ್ಯರಲ್ಲ. 1857ರಲ್ಲಿ ಬ್ರಿಟಿಷರ ನಿಶ್ಶಸ್ತ್ರೀಕರಣ ಕಾಯ್ದೆಯಂತೆ ಆಯುಧ ಒಪ್ಪಿಸಬೇಕೆಂಬ ಆಜ್ಞೆ ಬಂದಾಗ ಮುಧೋಳ ಸಂಸ್ಥಾನದ ಹಲಗಲಿಯ ಬೇಡರು ಒಪ್ಪಲಿಲ್ಲ. ಆಯುಧ ಅವರಿಗೆ ಅಲಂಕಾರವಲ್ಲ, ಅನ್ನ. ನವೆಂಬರ್ ಕೊನೆಯಲ್ಲಿ ಬ್ರಿಟಿಷ್ ಪಡೆ ಊರಿಗೆ ಮುತ್ತಿಗೆ ಹಾಕಿ ಬೆಂಕಿ ಇಟ್ಟಿತು. ಡಿಸೆಂಬರಿನಲ್ಲಿ ಮುಧೋಳ ಮತ್ತು ಹಲಗಲಿಗಳಲ್ಲಿ 19 ಜನರನ್ನು ಗಲ್ಲಿಗೇರಿಸಲಾಯಿತು. ಹಲಗಲಿಯ ಲಾವಣಿಯನ್ನು ಶಾಲೆಯಲ್ಲಿ ಓದಿದವರಿಗೆ ಈ ಕಥೆ ಗೊತ್ತು. ಕೋವಿ ಕತ್ತಿಗಳಿಗೆ ಅನುಮತಿ ಪತ್ರ ಬೇಕಾದ ಮೇಲೆ ಬಡ ಬೇಟೆಗಾರನ ಕೈಯಲ್ಲಿ ಉಳಿದ, ಯಾವ ಕಾಯ್ದೆಯೂ ಲೆಕ್ಕ ಹಾಕದ ಆಯುಧವೆಂದರೆ ನಾಯಿ.

ಆ ಆಯುಧದ ಕಟ್ಟೋಣವನ್ನು ಸ್ವಲ್ಪ ನೋಡಬೇಕು. ಬಹುಪಾಲು ಬೇಟೆ ನಾಯಿಗಳು ಮೂಗಿನಿಂದ ಬೇಟೆಯಾಡುತ್ತವೆ. ಮುಧೋಳ ನಾಯಿ ಕಣ್ಣಿನಿಂದ ಆಡುತ್ತದೆ. ಉದ್ದನೆಯ ಕಿರಿದಾದ ತಲೆಯ ಎರಡು ಪಕ್ಕಗಳಲ್ಲಿ ಕಣ್ಣುಗಳು ಕೂತಿರುವುದರಿಂದ ಕತ್ತು ತಿರುಗಿಸದೆಯೇ ಬಹಳ ಅಗಲದ ನೋಟ ದಕ್ಕುತ್ತದೆ. ದೂರದಲ್ಲಿ ಏನಾದರೂ ಅಲುಗಿದರೆ ಸಾಕು, ಮಿಕ್ಕದ್ದೆಲ್ಲ ಮರೆತುಹೋಗುತ್ತದೆ. ಓಟದಲ್ಲಿ ಬೆನ್ನು ಬಿಲ್ಲಿನಂತೆ ಬಾಗಿ ನೆಟ್ಟಗಾಗುತ್ತದೆ. ಒಂದು ನೆಗೆತದಲ್ಲಿ ಎರಡು ಸಲ ನಾಲ್ಕೂ ಕಾಲು ನೆಲ ಬಿಟ್ಟಿರುತ್ತವೆ: ಕಾಲುಗಳನ್ನು ಹೊಟ್ಟೆಯ ಕೆಳಗೆ ಮಡಿಸಿದಾಗ ಒಮ್ಮೆ, ಪೂರ್ತಿ ಚಾಚಿದಾಗ ಇನ್ನೊಮ್ಮೆ. ಚಿರತೆಗಿಂತ ಹಗುರವಾದ ಚೀತಾ ಓಡುವುದೂ ಹೀಗೆಯೇ. ಕೊಲ್ಹಾಪುರದ ಅರಸರು ಕೃಷ್ಣಮೃಗದ ಬೇಟೆಗೆ ಚೀತಾಗಳನ್ನು ಸಾಕುತ್ತಿದ್ದರು. ಚೀತಾ ಸಾಕುವ ತಾಕತ್ತಿಲ್ಲದವನಿಗೆ ಈ ನಾಯಿ. ಆಳವಾದ ಎದೆಗೂಡಿನಲ್ಲಿ ದೊಡ್ಡ ಹೃದಯ, ಶ್ವಾಸಕೋಶಗಳಿಗೆ ಜಾಗ. ಸೊಂಟ ಒಳಸರಿದದ್ದು ಹಸಿವಿನಿಂದಲ್ಲ, ಓಡುವಾಗ ಹಿಂಗಾಲು ಮುಂದೆ ಬರಲು ದಾರಿ ಬೇಕಲ್ಲ! ಆದರೆ ಈ ಓಟ ಕೆಲವೇ ನಿಮಿಷಗಳದು. ಮೊಲ ಸಿಕ್ಕಿದರೆ ಸಿಕ್ಕಿತು, ಇಲ್ಲದಿದ್ದರೆ ನಾಯಿ ಕೂತು ತೇಕುತ್ತದೆ.

ಹಸ್ಕಿಯದು ಇದಕ್ಕೆ ತದ್ವಿರುದ್ಧ. ಅದರ ಬಂಡವಾಳ ವೇಗವಲ್ಲ, ಬೇಸರಪಡದ ಕುಕ್ಕುಲೋಟ. 1973ರಿಂದ ಅಲಾಸ್ಕದಲ್ಲಿ ನಡೆಯುತ್ತಿರುವ ಇಡಿಟರಾಡ್ ಪಂದ್ಯದ ದೂರ ಸುಮಾರು 1,600 ಕಿಲೋಮೀಟರ್. ಗೆಲ್ಲುವ ತಂಡಗಳು ಅದನ್ನು ಎಂಟು ಒಂಬತ್ತು ದಿನಗಳಲ್ಲಿ ಮುಗಿಸಿದ್ದುಂಟು. ಆ ದಿನಗಳಲ್ಲಿ ಒಂದೊಂದು ನಾಯಿಗೂ ದಿನಕ್ಕೆ ಹತ್ತು ಸಾವಿರ ಕ್ಯಾಲೊರಿಯಷ್ಟು ಆಹಾರ ಬೇಕು. ಗದ್ದೆಯಲ್ಲಿ ದುಡಿಯುವ ಗಟ್ಟಿಮುಟ್ಟು ಆಳು ಉಣ್ಣುವುದರ ಮೂರು ಪಾಲು! ಅದರಲ್ಲಿ ಹೆಚ್ಚಿನದು ಕೊಬ್ಬು. ಇಂದು ಅಲ್ಲಿ ಗೆಲ್ಲುವವು ಹೆಚ್ಚಾಗಿ ಮಿಶ್ರ ರಕ್ತದ ಅಲಾಸ್ಕನ್ ಹಸ್ಕಿಗಳು. ಪ್ರದರ್ಶನಗಳಿಗಾಗಿ ಬೆಳೆಸಿದ ಶುದ್ಧ ಸೈಬೀರಿಯನ್ ತಳಿ ಹಿಂದೆ ಬಿದ್ದಿದೆ.

ಹೊಟ್ಟೆಯಲ್ಲೂ ಇದೇ ಚರಿತ್ರೆ ಬರೆದಿದೆ. ಬೇಸಾಯದ ನಾಡುಗಳ ನಾಯಿಗಳಲ್ಲಿ ಪಿಷ್ಟವನ್ನು ಅರಗಿಸುವ ವಂಶವಾಹಿಯ ಪ್ರತಿಗಳು ಹೆಚ್ಚು, ಆರ್ಕ್ಟಿಕ್ ನಾಯಿಗಳಲ್ಲಿ ಕಡಿಮೆ ಎಂದು ಕಳೆದ ದಶಕದ ಅಧ್ಯಯನಗಳು ತೋರಿಸಿವೆ. ಸಾವಿರಾರು ವರ್ಷ ಸೀಲ್ ಕೊಬ್ಬು, ಮೀನು ತಿಂದವಕ್ಕೂ ಮನುಷ್ಯ ತಿಂದು ಬಿಟ್ಟ ರೊಟ್ಟಿ ಅಂಬಲಿ ತಿಂದವಕ್ಕೂ ಇರಬೇಕಾದ ವ್ಯತ್ಯಾಸವೇ ಅದು. ಮುಧೋಳದ ಕಡೆ ಜೋಳದ ನುಚ್ಚು, ಗೋವಿನಜೋಳ, ಹಾಲು, ಅಪರೂಪಕ್ಕೆ ಮೊಟ್ಟೆ ಹಾಕಿ ಈ ನಾಯಿಗಳನ್ನು ಬೆಳೆಸಿದ್ದಾರೆ.

ಸ್ವಭಾವದ ಮಾತಿಗೆ ಬಂದರೆ, ಹಸ್ಕಿಯನ್ನು ಮನೆ ಕಾಯಲೆಂದು ತರುವವರು ಮೋಸಹೋಗುತ್ತಾರೆ. ಹತ್ತಾರು ನಾಯಿಗಳು ಒಂದೇ ಹಗ್ಗಕ್ಕೆ ಬಿದ್ದು ದುಡಿಯಬೇಕಾದಲ್ಲಿ ಜಗಳಗಂಟತನ ನಡೆಯದು. ಚುಕ್ಚಿಗಳ ಮನೆಯಲ್ಲಿ ಮರಿಗಳು ಹೆಂಗಸರು ಮಕ್ಕಳ ನಡುವೆಯೇ ಬೆಳೆಯುತ್ತಿದ್ದವು. ಹಾಗಾಗಿ ಹಸ್ಕಿಗೆ ಮನುಷ್ಯರೆಲ್ಲ ನೆಂಟರೇ. ಕಳ್ಳ ಬಂದರೂ ಬಾಲ ಅಲ್ಲಾಡಿಸೀತು. ಬೊಗಳುವುದಕ್ಕಿಂತ ಊಳಿಡುವುದು ಹೆಚ್ಚು. ಬೇಲಿಯ ಕೆಳಗೆ ತೋಡುವುದು, ಗೋಡೆ ಹಾರುವುದು, ಕೋಳಿ ಹಿಡಿಯುವುದು ಅದಕ್ಕೆ ನೀರು ಕುಡಿದಷ್ಟು ಸುಲಭ. ಇವೆಲ್ಲ ದುರ್ಗುಣಗಳಲ್ಲ, ಓಡಲು ದಾರಿಯಿಲ್ಲದ ನಾಯಿ ಕಂಡುಕೊಂಡ ದಾರಿಗಳು. ಮುಧೋಳ ನಾಯಿಯಾದರೋ ಬಿಗುಮಾನದ ಪ್ರಾಣಿ. ಹೊಸಬರು ಮುಟ್ಟುವುದು ಅದಕ್ಕೆ ಹಿಡಿಸದು. ಒಬ್ಬ ಯಜಮಾನನಿಗೆ, ಒಂದು ಮನೆಗೆ ಒಗ್ಗಿಕೊಳ್ಳುತ್ತದೆ. ಬೈಗುಳಕ್ಕೆ ಹೊಡೆತಕ್ಕೆ ಮೂಲೆ ಸೇರಿಬಿಡುತ್ತದೆ, ಆಮೇಲೆ ಏನು ಹೇಳಿದರೂ ಕಲಿಯದು. ಹೊಡೆದು ಕಲಿಸುವ ನಮ್ಮ ಹಳೆಯ ಪದ್ಧತಿಗೆ ಇದರಷ್ಟು ಅಪಾತ್ರವಾದ ನಾಯಿ ಇನ್ನೊಂದಿಲ್ಲ.

ಎರಡೂ ತಳಿಗಳ ಬದುಕಿನಲ್ಲಿ ಒಂದು ಹೊತ್ತು ಬಂತು, ಕೆಲಸವೇ ಇಲ್ಲವಾಯಿತು. ಹಸ್ಕಿಗೆ ವಿಮಾನ ಮತ್ತು ಹಿಮದ ಮೇಲೆ ಓಡುವ ಮೋಟಾರು ಬಂಡಿಗಳು ಬಂದವು. ಮುಧೋಳ ನಾಯಿಗೆ 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆ ಬಂತು. ಕೃಷ್ಣಮೃಗವಿರಲಿ, ಮೊಲದ ಬೇಟೆಯೂ ಅಪರಾಧವಾಯಿತು. ಆ ಕಾಯ್ದೆ ಬೇಕಾಗಿತ್ತು, ಅದರಲ್ಲಿ ಎರಡು ಮಾತಿಲ್ಲ. ಆದರೆ ಕಾಯ್ದೆಗಿಂತ ದೊಡ್ಡ ಬದಲಾವಣೆ ಸದ್ದಿಲ್ಲದೆ ನೆಲದಲ್ಲೇ ನಡೆದಿತ್ತು. ಕಣ್ಣಿನಿಂದ ಬೇಟೆಯಾಡುವ ನಾಯಿಗೆ ದಿಗಂತ ಕಾಣಬೇಕು. ಮುಂಗಾರಿನ ಮುನ್ನ ಬರಿದಾಗಿ ಬಿದ್ದ ಎರೆಹೊಲ, ಕುರಿ ಮೇಯುವ ಮಡ್ಡಿ, ಮೊಣಕಾಲೆತ್ತರದ ಹುಲ್ಲು ಇವು ಅದರ ರಂಗಭೂಮಿ. ಘಟಪ್ರಭಾ ಕಾಲುವೆಯ ನೀರು ಹರಿದ ಮೇಲೆ ಮುಧೋಳ ಸೀಮೆ ಕಬ್ಬಿನ ಸೀಮೆಯಾಯಿತು. ಅಲ್ಲಿಂದ ಪಡುವಣಕ್ಕೆ ಸುಮಾರು ನೂರು ಕಿಲೋಮೀಟರು ದೂರದ ಬೇಡಕಿಹಾಳ, ನಿಪ್ಪಾಣಿ, ಚಿಕ್ಕೋಡಿ ಕಡೆಯೂ ಇದೇ ಕಥೆ: ದೂಧಗಂಗೆಯ ನೀರಿಗೆ ಕಬ್ಬು, ಮೇಲಿನ ಹೊಲಗಳಲ್ಲಿ ತಂಬಾಕು. ಆಳೆತ್ತರದ ಕಬ್ಬಿನ ಗದ್ದೆಯ ಅಂಚಿನಲ್ಲಿ ನಿಂತ ಮುಧೋಳ ನಾಯಿಗೆ ಕಾಣುವುದು ಹತ್ತು ಹೆಜ್ಜೆ ದೂರದ ಹಸಿರು ಗೋಡೆ. ಅದರೊಳಗಿನ ಕಾಡುಹಂದಿಯನ್ನು ಮೂಗಿನಿಂದ ಹಿಡಿಯಬಲ್ಲ ಬೀದಿನಾಯಿಯೇ ಅಲ್ಲಿ ಹೆಚ್ಚು ಉಪಯೋಗಿ.

ಕೆಲಸ ಹೋದರೂ ತಳಿ ಹೋಗಲಿಲ್ಲ. ಮುಧೋಳ ತಾಲ್ಲೂಕಿನ ನೂರಾರು ಕುಟುಂಬಗಳು, ಅವುಗಳಲ್ಲಿ ಎಷ್ಟೋ ತುಂಡು ನೆಲವೂ ಇಲ್ಲದವು, ಮರಿ ಮಾರಿ ನಾಲ್ಕು ಕಾಸು ಕಾಣುತ್ತ ಇದನ್ನು ಉಳಿಸಿಕೊಂಡವು. ಆಮೇಲೆ ಸರ್ಕಾರದ ಕಣ್ಣು ಬಿತ್ತು. 2005ರಲ್ಲಿ ಅಂಚೆ ಇಲಾಖೆ ನಾಲ್ಕು ದೇಶೀ ನಾಯಿಗಳ ಅಂಚೆಚೀಟಿ ತಂದಾಗ ರಾಜಪಾಳಯಂ, ರಾಂಪುರ, ಹಿಮಾಲಯದ ಕುರಿನಾಯಿಗಳ ಜೊತೆ ಮುಧೋಳಕ್ಕೂ ಸ್ಥಾನ ಸಿಕ್ಕಿತು. ಬೀದರಿನ ಪಶುವೈದ್ಯಕೀಯ ವಿಶ್ವವಿದ್ಯಾಲಯ ಮುಧೋಳದ ಬಳಿಯ ತಿಮ್ಮಾಪುರದಲ್ಲಿ ಶ್ವಾನ ಸಂಶೋಧನೆ ಮತ್ತು ಮಾಹಿತಿ ಕೇಂದ್ರ ನಡೆಸುತ್ತಿದೆ. 2016ರಲ್ಲಿ ಅಲ್ಲಿನ ಮರಿಗಳು ಮೀರತ್‌ನಲ್ಲಿರುವ ಸೇನೆಯ ತರಬೇತಿ ಕೇಂದ್ರಕ್ಕೆ ಹೋದವು. 2020ರ ಆಗಸ್ಟಿನಲ್ಲಿ ಪ್ರಧಾನಿ ತಮ್ಮ ಬಾನುಲಿ ಭಾಷಣದಲ್ಲಿ ಹೆಸರು ಹೇಳಿದ ಮೇಲೆ ಮರಿಗಳಿಗಾಗಿ ಬೇಡಿಕೆ ಏರಿತು. 2021ರಲ್ಲಿ ನಾಲ್ಕು ಮರಿಗಳನ್ನು ವಾಯುಪಡೆಗೆ ಕೊಡಲಾಯಿತು. ಉದ್ದೇಶ: ವಿಮಾನ ಓಡುವ ದಾರಿಯಿಂದ ಹಕ್ಕಿಗಳನ್ನು ಎಬ್ಬಿಸುವುದು. ಸ್ಫೋಟಕ ಮೂಸುವ ಕೆಲಸಕ್ಕಿಂತ ಇದು ಈ ನಾಯಿಯ ಗುಣಕ್ಕೆ ಹೆಚ್ಚು ಹೊಂದುತ್ತದೆ ಎನ್ನಬೇಕು. ಮೈಲುಗಟ್ಟಲೆ ತೆರೆದ ಬಯಲು, ದೂರದಲ್ಲಿ ಅಲುಗುವ ಜೀವ, ಬೆನ್ನಟ್ಟಲು ಅಪ್ಪಣೆ. ಎರೆಹೊಲಕ್ಕೆ ಇದಕ್ಕಿಂತ ಹತ್ತಿರದ ಜಾಗ ಇನ್ನೆಲ್ಲಿ ಸಿಕ್ಕೀತು?

ಬೇಡಿಕೆಯ ಬೆನ್ನಿಗೇ ಬೆರಕೆಯೂ ಬರುತ್ತದೆ. ಓಟದ ಪಂದ್ಯದ ಆಸೆಗೆ ಗ್ರೇಹೌಂಡ್ ಕೂಡಿಸುವುದು, ದುಡ್ಡಿನ ಆಸೆಗೆ ಒಂದೇ ಮನೆಯ ಅಣ್ಣತಂಗಿ ಮರಿಗಳನ್ನು ಕೂಡಿಸುವುದು, ಎರಡರಿಂದಲೂ ತಳಿಗೆ ಕೇಡು. ಮರಿ ಕೊಳ್ಳುವವರು ತಾಯಿ ತಂದೆ ಎರಡನ್ನೂ ನೋಡದೆ ಹಣ ಕೊಡಬಾರದು.

ಹಸ್ಕಿಯ ಮಾತು ಬೇರೆ. ತಳಿ ಬೆಳೆಸಿ ಮಾರುವ ಸಲುವಾಗಿ ವಿದೇಶಿ ನಾಯಿಗಳನ್ನು ತರಿಸುವುದನ್ನು ಕೇಂದ್ರ ಸರ್ಕಾರ 2016ರಲ್ಲಿ ನಿಷೇಧಿಸಿತು. ಆದರೆ ಆ ಹೊತ್ತಿಗೆ ಇಲ್ಲಿಗೆ ಬಂದಿದ್ದವು ಇಲ್ಲೇ ಮರಿ ಹಾಕುತ್ತಿವೆ. ಅದರ ನೀಲಿ ಕಣ್ಣಿಗೂ ಕೆಲಸಕ್ಕೂ ಸಂಬಂಧವೇ ಇಲ್ಲ. ಅದು ವಂಶವಾಹಿಯೊಂದರ ಬಳಿ ಆದ ಸಣ್ಣ ಪುನರಾವರ್ತನೆಯ ಫಲವೆಂದು 2018ರಲ್ಲಿ ತಿಳಿದಿದೆ. ಸಂಬಂಧವಿರುವುದು ತುಪ್ಪಳಿಗೆ. ಸೊನ್ನೆಗಿಂತ ನಲವತ್ತು ಡಿಗ್ರಿ ಕೆಳಗಿನ ಚಳಿಯಲ್ಲಿ ಹಿಮದ ಮೇಲೆಯೇ ಸುತ್ತಿಕೊಂಡು, ಬಾಲವನ್ನು ಮೂಗಿನ ಮೇಲೆ ಹೊದ್ದು ಮಲಗಬಲ್ಲ ಪ್ರಾಣಿಯನ್ನು ಏಪ್ರಿಲ್ ತಿಂಗಳ ತಗಡಿನ ಚಾವಣಿಯ ಕೆಳಗೆ ಕಟ್ಟುವುದು ಕ್ರೌರ್ಯವೇ ಸರಿ. ನಾಯಿಗೆ ಮನುಷ್ಯನಂತೆ ಮೈಯೆಲ್ಲ ಬೆವರುವುದಿಲ್ಲ. ನಾಲಿಗೆ ಚಾಚಿ ತೇಕುವುದೊಂದೇ ಅದರ ದೊಡ್ಡ ಉಪಾಯ. ಮೈ ಶಾಖ ಸಾಮಾನ್ಯವಾಗಿ 38-39 ಡಿಗ್ರಿ ಸೆಲ್ಸಿಯಸ್. 41 ದಾಟಿದರೆ ಜೀವಕ್ಕೆ ಅಪಾಯ. ಆಗ ಒದ್ದಾಡುತ್ತ ಕೂರದೆ ತಕ್ಷಣ ಮೈಮೇಲೆ ನೀರು ಸುರಿದು, ಗಾಳಿ ಹಾಕಿ, ಪಶುವೈದ್ಯರ ಬಳಿಗೆ ಒಯ್ಯಬೇಕು. ಸೆಖೆಗೆಂದು ಹಸ್ಕಿಯ ಕೂದಲನ್ನು ಬೋಳಿಸುವವರಿದ್ದಾರೆ. ಮಾಡಬಾರದು. ಆ ಕೂದಲೇ ಬಿಸಿಲಿಗೂ ತಡೆ. ವರ್ಷಕ್ಕೆ ಎರಡು ಸಲ ಒಳಪದರ ತಾನಾಗಿ ಉದುರುವಾಗ ದಿನವೂ ಬಾಚಿ ತೆಗೆದರೆ ಸಾಕು. ಈಗಾಗಲೇ ಸಾಕಿರುವವರು ಸೂರ್ಯ ಹುಟ್ಟುವ ಮುನ್ನವೇ ಗಂಟೆಗಟ್ಟಲೆ ಓಡಾಡಿಸಬೇಕು, ಹಗಲಿಡೀ ತಂಪು ಕೋಣೆ ಕೊಡಬೇಕು. ಇನ್ನೂ ಸಾಕದವರು ಸಾಕದಿರುವುದೇ ಲೇಸು.

ಮುಧೋಳ ನಾಯಿಗೆ ಬಿಸಿಲಿನ ಭಯ ಕಡಿಮೆ, ಚಳಿಯ ಭಯ ಹೆಚ್ಚು. ಕೊಬ್ಬಿಲ್ಲದ ಮೈ, ತೆಳು ಚರ್ಮ. ಡಿಸೆಂಬರಿನ ಇರುಳು ಬರಿನೆಲದಲ್ಲಿ ಮಲಗಿಸದೆ ಗೋಣಿಚೀಲವನ್ನೋ ಹಳೆಯ ಕಂಬಳಿಯನ್ನೋ ಹಾಸಬೇಕು. ಮುಳ್ಳುತಂತಿಗೆ ಸಿಕ್ಕರೆ ಚರ್ಮ ಬಟ್ಟೆಯಂತೆ ಹರಿಯುತ್ತದೆ. ಕೊನೆಯ ಪಕ್ಕೆಲುಬುಗಳು ಕಾಣುತ್ತವೆಂದು ಮರುಗಿ ಅತಿಯಾಗಿ ಉಣಿಸಬಾರದು. ದಪ್ಪಗಾದ ಮುಧೋಳ ನಾಯಿಯ ಕೀಲುಗಳು ಬೇಗ ಸೋಲುತ್ತವೆ. ಆಳ ಎದೆಯ ನಾಯಿಗಳಿಗೆ ಹೊಟ್ಟೆ ಉಬ್ಬಿ ತಿರುಚಿಕೊಳ್ಳುವ ಅಪಾಯವಿದೆ. ಆದ್ದರಿಂದ ದಿನದ ಊಟವನ್ನು ಎರಡು ಹೊತ್ತಿಗೆ ಹಂಚಬೇಕು, ಉಂಡ ಕೂಡಲೇ ಓಡಿಸಬಾರದು. ಮನೆಯ ಸಾರು ಪಲ್ಯ ಹಾಕುವವರು ಒಂದು ವಿಷಯ ನೆನಪಿಡಬೇಕು: ಈರುಳ್ಳಿ ನಾಯಿಯ ರಕ್ತಕಣಗಳನ್ನು ಒಡೆಯುತ್ತದೆ. ಶಸ್ತ್ರಚಿಕಿತ್ಸೆಯ ಸಂದರ್ಭ ಬಂದರೆ ಇದು ಗ್ರೇಹೌಂಡ್ ಜಾತಿಯ ಓಟದ ನಾಯಿ ಎಂದು ವೈದ್ಯರಿಗೆ ಮೊದಲೇ ತಿಳಿಸಬೇಕು. ಅರಿವಳಿಕೆಯ ಕೆಲವು ಹಳೆಯ ಔಷಧಗಳು ಇಂಥ ಕೊಬ್ಬಿಲ್ಲದ ಮೈಯಿಂದ ಬೇಗ ಇಳಿಯುವುದಿಲ್ಲ. ಆರೆಂಟು ವಾರಕ್ಕೆ ಮೊದಲ ಲಸಿಕೆ, ಮೂರು ತಿಂಗಳಿಗೆ ಹುಚ್ಚುನಾಯಿ ರೋಗದ ಲಸಿಕೆ, ಆಗಾಗ ಜಂತಿನ ಮದ್ದು, ಮಳೆಗಾಲದಲ್ಲಿ ಕಿವಿಯ ಸಂದಿಯ ಉಣ್ಣಿಗಳ ಮೇಲೆ ಕಣ್ಣು, ಇವು ಎಲ್ಲ ನಾಯಿಗಳಿಗೂ ಇದ್ದದ್ದೇ.

ಎಲ್ಲಕ್ಕಿಂತ ಕಷ್ಟದ್ದು ಓಟ. ಸರಪಣಿಯಲ್ಲಿ ವರ್ಷಗಟ್ಟಲೆ ಕಟ್ಟಿಟ್ಟ ಮುಧೋಳ ನಾಯಿ ಒಂದೋ ಕಚ್ಚಲು ಕಲಿಯುತ್ತದೆ, ಇಲ್ಲವೆ ಮಂಕಾಗುತ್ತದೆ. ರಸ್ತೆಯಲ್ಲಿ ಬಿಡುವಂತಿಲ್ಲ. ಕಣ್ಣಿಗೆ ಬೆಕ್ಕೊಂದು ಬಿದ್ದರೆ ಎದುರು ಬರುವ ಲಾರಿ ಅದಕ್ಕೆ ಕಾಣದು. ಸುತ್ತ ಬೇಲಿಯಿರುವ ಒಂದೆರಡು ಎಕರೆ ಇದ್ದವರು ಪುಣ್ಯವಂತರು. ಇಲ್ಲದವರಿಗೆ ಬೇಡಕಿಹಾಳ, ಮುಧೋಳಗಳಂಥ ಕಬ್ಬಿನ ಸೀಮೆಯಲ್ಲಿ ಕಾರ್ಖಾನೆಗಳು ಕಬ್ಬು ನುರಿಸುವ ತಿಂಗಳುಗಳಲ್ಲಿ ಒಂದು ಅವಕಾಶ ಸಿಗುತ್ತದೆ. ಕಟಾವು ಮುಗಿದು, ರವದಿ ತೆಗೆದು, ಮತ್ತೆ ನೀರು ಹಾಯಿಸುವ ಮೊದಲು ಕೆಲವು ದಿನ ಹೊಲಗಳು ಬಯಲಾಗಿ ಬೀಳುತ್ತವೆ. ಬೆಳಗಿನ ಏಳು ಗಂಟೆಯೊಳಗೆ, ಒಡೆಯನ ಒಪ್ಪಿಗೆ ಪಡೆದು, ಕಬ್ಬಿನ ಕೂಳೆ ಇಲ್ಲದ ಜಾಗ ನೋಡಿ ಬಿಡಬೇಕು. ಕೂಳೆ ಚೂಪಾಗಿದ್ದು ಅಂಗಾಲಿಗೆ ನಾಟುತ್ತದೆ. ಬಿಡುವ ಮುನ್ನ ಸುತ್ತ ಮೊಲವಿಲ್ಲವೆಂದು ಖಚಿತ ಮಾಡಿಕೊಳ್ಳಬೇಕು, ಕಾಯ್ದೆಯ ದೃಷ್ಟಿಯಲ್ಲಿ ನಾಯಿ ಕೊಂದರೂ ಬೇಟೆ ಬೇಟೆಯೇ. ಐದು ನಿಮಿಷದಲ್ಲಿ ಅದು ತಾನಾಗಿ ತಿರುಗಿ ಬರುತ್ತದೆ. ಆಗ ತೇಕು ನಿಲ್ಲುವವರೆಗೆ ಕಾದು, ಸ್ವಲ್ಪ ಸ್ವಲ್ಪವಾಗಿ ನೀರು ಕುಡಿಸಬೇಕು.